ಮೇಲಿನ ಪಟ್ಟಿಕೆಯಿಲ್ಲದ ವೀರ: ಬ್ಯಾಟ್‌ಮನ್‌ನ ಚಿತ್ರ ಮತ್ತು ಗೇಮ್

ಸೊಲ್ಲಾಪುರದ ರೂಮಿನಲ್ಲಿ ನಾನು ಆಡುವ ಗೇಮನ್ನು ರಜೆಗೆ ಅಕ್ಕಲಕೋಟೆಗೆ ಹೋದಾಗ ತಮ್ಮನಿಗೆ ತೋರಿಸಿದೆ. ಅವನು ಕೇಳಿದ: "ಅಣ್ಣಾ, ಇವ ಎಷ್ಟ ಸಲ ಸಾಯ್ತಾನ?" ಈ ಪ್ರಬಂಧ ಹುಟ್ಟಿದ್ದು ಆ ಪ್ರಶ್ನೆಯಿಂದ.

1993ರ ಅನಿಮೇಷನ್ ಚಿತ್ರ 'ಮಾಸ್ಕ್ ಆಫ್ ದಿ ಫ್ಯಾಂಟಾಸಮ್'ನಲ್ಲಿ ಪ್ರೀತಿಗೆ ಬಿದ್ದ ಬ್ರೂಸ್ ವೇನ್, ಸತ್ತ ಹೆತ್ತವರಿಗೆ ಕೊಟ್ಟ ಭಾಷೆಯಿಂದ ಬಿಡಿಸಿರೆಂದು ಅವರ ಸಮಾಧಿಯ ಮುಂದೆ ಬೇಡುತ್ತಾನೆ. ಅಲ್ಲಿ ಇನ್ನೊಂದು ಬದುಕಿನ ದಾರಿ ಅವನಿಗೆ ಕಾಣುತ್ತದೆ. 2009ರ 'ಅರ್ಕಮ್ ಅಸೈಲಮ್' ಗೇಮಿನಲ್ಲೂ ಅದೇ ಕೆವಿನ್ ಕಾನ್‌ರಾಯ್ ದನಿ. ಸ್ಕೇರ್‌ಕ್ರೋನ ವಿಷಗಾಳಿ ಕುಡಿದಾಗ ಕಾರಿಡಾರು ಹೆತ್ತವರು ಸತ್ತ ಗಲ್ಲಿಯಾಗುತ್ತದೆ, ಅವನು ಮತ್ತೆ ಹುಡುಗನಾಗುತ್ತಾನೆ. ನಮ್ಮ ಕೈಯಲ್ಲಿರೋದು ಮುಂದೆ ನಡೆಸುವುದೊಂದೇ. ಭಾಷೆ ಬಿಡುವ ಬಟನ್ ಇಲ್ಲ.

ನಮ್ಮ ವೀರಗಲ್ಲು ನೆನಪು ಮಾಡಿಕೊಳ್ರಿ. ಕೆಳಗಿನ ಪಟ್ಟಿಕೆಯಲ್ಲಿ ಕಾಳಗ, ನಡುವೆ ವೀರನನ್ನು ಒಯ್ಯುವ ಅಪ್ಸರೆಯರು, ಮೇಲೆ ಶಿವಸನ್ನಿಧಿ. ವೇಳೆವಾಳಿಯ ಭಾಷೆ ಸಾವಿನೊಂದಿಗೆ ತೀರುತ್ತದೆ. ಕಲ್ಲು ನಿಲ್ಲಿಸಲು ಹಿಂದೆ ಉಳಿದವರಿರುತ್ತಾರೆ. ಗೇಮಿನಲ್ಲಿ ಸತ್ತರೆ ಖಳ ಬಂದು ಹಂಗಿಸುತ್ತಾನೆ, ಮತ್ತೆ ಅದೇ ಕಾಳಗ. ಜೋಕರನನ್ನು ಗೆದ್ದರೂ ಇನ್ನೊಂದು ದರೋಡೆಯ ಸುದ್ದಿ ಬರುತ್ತದೆ, ಹಾರಿ ಹೋಗುತ್ತಾನೆ. ಅಂದ್ರೆ ಇಲ್ಲಿ ಕೆಳಗಿನ ಪಟ್ಟಿಕೆ ಒಂದೇ ಅದ.

ಚಿತ್ರವೂ ಅವನನ್ನು ಒಂಟಿಯಾಗಿಯೇ ಬಿಡುತ್ತದೆ, ನಿಜ. ಆದರೆ ಅವನಿಗಾಗಿ ಮರುಗಲು ನಮಗೆ ಹೊತ್ತು ಕೊಡುತ್ತದೆ. ಗೇಮು ನಮ್ಮ ಕೈಯಿಂದಲೇ ಅವನನ್ನು ಆ ಒಂಟಿತನದಲ್ಲಿ ಕೂಡಿಹಾಕಿಸುತ್ತದೆ. ಆಡುವ ಖುಷಿಯನ್ನು ನಾನು ಅಲ್ಲಗಳೆಯೋದಿಲ್ಲ. ಆ ಖುಷಿಗೆ ತೆರುವವನು ಅವನು ಎನ್ನುವುದಷ್ಟೇ ನನ್ನ ಮಾತು. ತಮ್ಮನಿಗೆ ಆಗ ಉತ್ತರ ಕೊಡಲಿಲ್ಲ. ಈಗ ಹೇಳ್ತೀನಿ: ನಾವು ಆಡೋದು ಬಿಡೋತನಕ.