ಕಾಡಿನ ಸದ್ದು, ಗೋಪಾಲಯ್ಯನವರ ಜಗಲಿ

ನಮ್ಮ ಸಾಹಿತ್ಯದಲ್ಲಿ ಕಾಡೆಂದರೆ ಬಹುಮಟ್ಟಿಗೆ ಕಣ್ಣಿಗೆ ಹಬ್ಬ, ಕಿವಿಗೆ ಇಂಪು, ಮನಸ್ಸಿಗೆ ಶಾಂತಿ. ಆದರೆ ಎಲ್ಲರಿಗೂ ಕಾಡು ಹಾಗೆಯೇ ಒದಗುತ್ತದೆಯೇ? ಜೀರುಂಡೆಗಳ ಎಡೆಬಿಡದ ಕೂಗು, ಕೊಳೆತ ಎಲೆಗಳ ವಾಸನೆ, ಕಾಲಿಗೆ ಹತ್ತುವ ಇಂಬಳ, ಎಲೆಗಳ ಸಂದಿಯಲ್ಲಿ ಮಿಣುಕುವ ಬಿಸಿಲು ಇವೆಲ್ಲವೂ ಏಕಕಾಲಕ್ಕೆ ಎರಗಿದಾಗ, ಯಾವುದನ್ನು ಗಮನಿಸಬೇಕು, ಯಾವುದನ್ನು ಬಿಡಬೇಕು ಎಂಬುದು ತಿಳಿಯದೆ ಮನಸ್ಸು ಕಂಗೆಡುವುದುಂಟು.

ಈ ಕಂಗೆಟ್ಟ ಸ್ಥಿತಿಯನ್ನು ಬಲ್ಲ ಕೃತಿಗಳಲ್ಲಿ ಶಿವರಾಮ ಕಾರಂತರ ‘ಬೆಟ್ಟದ ಜೀವ’ (1943) ಮುಖ್ಯವಾದುದೆಂದು ನಮ್ಮ ಅಭಿಪ್ರಾಯ. ಸುಬ್ರಹ್ಮಣ್ಯದ ಆಸುಪಾಸಿನ ಕಾಡಿನಲ್ಲಿ ದಾರಿ ತಪ್ಪಿದ ನಿರೂಪಕನಿಗೆ ಕತ್ತಲಾಗುತ್ತಿದ್ದಂತೆ ದಿಗಿಲು ಕವಿಯುತ್ತದೆ. ಧೈರ್ಯದ ಉಪದೇಶದಿಂದ ಅದು ಹೋಗುವುದಿಲ್ಲ. ದೇರಣ್ಣ, ಬಟ್ಯ ಎಂಬಿಬ್ಬರು ಜೊತೆಯಾಗಿ ಅವನನ್ನು ಗೋಪಾಲಯ್ಯನವರ ಮನೆ ಸೇರಿಸುತ್ತಾರೆ. ಅಲ್ಲಿ ಬಿಸಿನೀರ ಸ್ನಾನ, ಊಟ, ಹಾಸಿಗೆ. ಅಪಾರವಾದ ಕಾಡು ಒಂದು ಜಗಲಿಯಷ್ಟಕ್ಕೆ ಕಿರಿದಾಗುತ್ತದೆ. ಕಾರಂತರು ಇದನ್ನು ಅತಿಥಿಸತ್ಕಾರವಾಗಿ ಚಿತ್ರಿಸಿದ್ದರೂ, ದಣಿದ ಇಂದ್ರಿಯಗಳಿಗೆ ತಕ್ಕ ಮದ್ದಾಗಿ ನಾವು ಅದನ್ನು ಓದುತ್ತೇವೆ. ಆಮೇಲೆ ಅದೇ ಬೆಟ್ಟಗಳನ್ನು ಅವನು ನೆಮ್ಮದಿಯಿಂದ ನೋಡಬಲ್ಲ. ಅವುಗಳನ್ನು ಬಲ್ಲ ಹಿರಿಯರು ಈಗ ಪಕ್ಕದಲ್ಲಿದ್ದಾರೆ.

ಒಂದು ಕೊರತೆಯನ್ನೂ ಹೇಳಬೇಕು. ಮನೆಬಿಟ್ಟು ಹೋದ ಮಗ ಶಂಭುವಿನ ವ್ಯಥೆ ಕಥೆಯನ್ನು ಆವರಿಸಿದಂತೆ ಮೊದಲ ಸಂಜೆಯ ದಿಗಿಲು ಬೇಗನೆ ಹಿಂದೆ ಸರಿಯುತ್ತದೆ. ಹೀಗಾಗಿ ಓದುಗರು ಅದನ್ನು ಕಥೆಯ ಹೊಸ್ತಿಲೆಂದಷ್ಟೇ ಎಣಿಸಿ ದಾಟಿಬಿಡುತ್ತಾರೆ.

ಹಾಗೆ ದಾಟಿದವರಲ್ಲಿ ನಾವೂ ಒಬ್ಬರು. ಮುಖ್ಯೋಪಾಧ್ಯಾಯರಾಗಿದ್ದಾಗ ಮಕ್ಕಳನ್ನು ಒಂದು ಜಲಪಾತಕ್ಕೆ ಕರೆದೊಯ್ದಿದ್ದೆವು. ನೀರಿನ ಮೊರೆತ, ಗೆಳೆಯರ ಕೇಕೆ ತಾಳಲಾರದೆ ಒಬ್ಬ ಹುಡುಗ ಎರಡೂ ಕಿವಿ ಮುಚ್ಚಿಕೊಂಡು ಬಂಡೆಯ ಮರೆಯಲ್ಲಿ ಕುಳಿತ. ‘ಗಂಡುಹುಡುಗನಾಗಿ ಇದೆಂಥ ಹೆದರಿಕೆ?’ ಎಂದು ಗದರಿ, ಕೈಹಿಡಿದೆಳೆದು ಎಲ್ಲರೆದುರು ನಿಲ್ಲಿಸಿದೆವು. ಅವನು ಅಳಲಿಲ್ಲ, ಮುಂದಿನ ವರ್ಷದ ಪ್ರವಾಸಕ್ಕೆ ಹೆಸರು ಕೊಡಲಿಲ್ಲ. ‘ಬೆಟ್ಟದ ಜೀವ’ವನ್ನು ನಾವು ಅದಾಗಲೇ ಎರಡು ಸಲ ಓದಿದ್ದೆವು. ನಿವೃತ್ತಿಯ ಬಳಿಕ ಮೂರನೆಯ ಸಲ ಓದುವಾಗ, ಕತ್ತಲ ಕಾಡಿನ ಆ ಪುಟಗಳಲ್ಲಿ ನಮಗೆ ಕಂಡವನು ಆ ಹುಡುಗ.

ಕಾಸರಗೋಡಿನ ನಮ್ಮ ಸಂಘದ ಕುಟುಂಬಗಳು ಮಕ್ಕಳು ಮೊಮ್ಮಕ್ಕಳೊಡನೆ ರಾಣಿಪುರಂ ಗುಡ್ಡಕ್ಕೋ ಕುಮಾರಪರ್ವತಕ್ಕೋ ಹೋಗುವುದುಂಟು. ಅಲ್ಲಿ ಯಾವ ಮಗುವಾದರೂ ಕಿವಿ ಮುಚ್ಚಿಕೊಂಡರೆ, ಗದ್ದಲದಿಂದ ದೂರ ಕರೆದೊಯ್ದು, ನೆರಳಲ್ಲಿ ಕೂರಿಸಿ, ಒಂದಿಷ್ಟು ನೀರು ಕೊಟ್ಟು, ಮಾತಾಡಿಸದೆ ಜೊತೆಗಿರಿ. ಗೋಪಾಲಯ್ಯನವರ ಜಗಲಿಯನ್ನು ಅಲ್ಲಿಯೂ ಕಟ್ಟಬಹುದು.