ತಂದೆಯೇ ಗುರುವಾದಾಗ : ರಾಜಶೇಖರ ಮನಸೂರರ ಪರಂಪರಾನಿಷ್ಠೆ

ಯಲಬುರ್ಗಾ ಸೀಮೆಯ ನಮ್ಮ ಹಳ್ಳಿಯಲ್ಲಿ ಎಪ್ಪತ್ತರ ದಶಕದಲ್ಲಿ ರೇಡಿಯೋ ಇದ್ದ ಮನೆಗಳು ಬೆರಳೆಣಿಕೆಯಷ್ಟು. ಧಾರವಾಡ ಆಕಾಶವಾಣಿಯಿಂದ ಪಂಡಿತ ಮಲ್ಲಿಕಾರ್ಜುನ ಮನಸೂರರ ವಚನಗಾಯನ ಕೇಳಿಬಂದರೆ, ಭಜನೆಯಲ್ಲಿ ಏಕತಾರಿ ಹಿಡಿಯುತ್ತಿದ್ದ ನಮ್ಮ ತಂದೆಯವರು ಕೈಯ ಕೆಲಸ ಬಿಟ್ಟು ಕುಳಿತುಬಿಡುತ್ತಿದ್ದರು. ಆ ಏಕತಾರಿ ಇಂದಿಗೂ ನಮ್ಮ ಮನೆಯ ಗೋಡೆಯ ಮೇಲಿದೆ. ಮೀಟುವ ಕೈ ಇಲ್ಲ. ತಂದೆಯ ಕಲೆಯನ್ನು ಮಕ್ಕಳು ಉಳಿಸುವುದೆಂದರೇನು ಎಂಬ ಪ್ರಶ್ನೆಯನ್ನು ಈ ಲಜ್ಜೆಯೊಡನೆಯೇ ಎತ್ತಿಕೊಂಡು, ಮನಸೂರರ ಮನೆಯ ನಿದರ್ಶನವನ್ನು ಪರಿಶೀಲಿಸಲು ಇಲ್ಲಿ ಯತ್ನಿಸಿದ್ದೇನೆ.

ಮಲ್ಲಿಕಾರ್ಜುನರ (1910–1992) ವಿದ್ಯೆಯೇ ಈ ಪ್ರಶ್ನೆಗೆ ಒಂದು ಉತ್ತರದಂತಿದೆ. ನೀಲಕಂಠಬುವಾ ಅವರಲ್ಲಿ ಗ್ವಾಲಿಯರ್ ಪದ್ಧತಿಯನ್ನು ಕಲಿತ ಮೇಲೆ ಅವರಿಗೆ ಜೈಪುರ–ಅತ್ರೌಲಿ ಪರಂಪರೆಯ ಬಾಗಿಲು ತೆರೆದವರು ಉಸ್ತಾದ್ ಅಲ್ಲಾದಿಯಾ ಖಾನರ ಪುತ್ರರಾದ ಮಂಜಿಖಾನರು. 1937ರಲ್ಲಿ ಮಂಜಿಖಾನರು ಕಾಲವಾದಾಗ ಸೋದರ ಬುರ್ಜಿಖಾನರು ಆ ಶಿಕ್ಷಣವನ್ನು ಮುಂದುವರಿಸಿದರು. ಈ ಇಬ್ಬರು ಮಕ್ಕಳು ತಂದೆಯ ಸೊತ್ತನ್ನು ಮನೆಯೊಳಗೇ ಮುಚ್ಚಿಟ್ಟಿದ್ದರೆ ಮನಸೂರ ಗ್ರಾಮದ ಲಿಂಗವಂತರ ಹುಡುಗನಿಗೆ ಅದು ದಕ್ಕುತ್ತಿತ್ತೆ? ಶರಣರು ಹುಟ್ಟಿನ ಹಿರಿಮೆಯನ್ನು ಒಪ್ಪಲಿಲ್ಲ, ಶಿಷ್ಯನನ್ನು ಗುರುಕರಜಾತನೆಂದರು. ಆ ಅರ್ಥದಲ್ಲಿ ಮಲ್ಲಿಕಾರ್ಜುನರು ಖಾನರ ಮನೆಯ ಮಗನೇ ಸರಿ.

ಹೀಗಿರಲು ಅವರ ಪುತ್ರ ರಾಜಶೇಖರರ (1942–2022) ಪಾಡು ಸುಲಭದ್ದಾಗಿರಲಿಲ್ಲ. ರಕ್ತಸಂಬಂಧ ತಾನಾಗಿ ಬಂದದ್ದು. ಗುರುಕರಜಾತತ್ವವನ್ನು ಅವರು ಗಳಿಸಬೇಕಾಗಿತ್ತು. ವೃತ್ತಿಯಿಂದ ಅವರು ಕರ್ನಾಟಕ ವಿಶ್ವವಿದ್ಯಾಲಯದಲ್ಲಿ ಇಂಗ್ಲಿಷ್ ಪ್ರಾಧ್ಯಾಪಕರು. ಕಚೇರಿಗಳಲ್ಲಿ ತಂದೆಯ ಹಿಂದೆ ತಂಬೂರಿ ಹಿಡಿದು ದನಿಗೂಡಿಸಿದವರು. ಸಹಗಾಯನದ ಮರ್ಮ ಬಲ್ಲವರಿಗೆ ಇದರ ಕಾಠಿಣ್ಯ ತಿಳಿದೀತು. ಮುಖ್ಯ ಗಾಯಕ ಉಸಿರಿಗೆ ನಿಂತಲ್ಲಿ ಸ್ವರವನ್ನು ಹಿಡಿಯಬೇಕು. ಅವನು ಮರಳಿದೊಡನೆ ತಾನು ಹಿಂದೆ ಸರಿಯಬೇಕು. ತೋರಿಸಿಕೊಳ್ಳುವ ಹಂಬಲ ಹುಟ್ಟಿದ ಕ್ಷಣವೇ ಸೇವೆ ಕೆಡುತ್ತದೆ. ಆದರೆ ಇದರಲ್ಲೊಂದು ಅಪಾಯವೂ ಉಂಟು: ಸದಾ ಹಿಂದೆ ನಿಂತ ದನಿ ನೆರಳಾಗಿಯೇ ಉಳಿದುಬಿಡಬಹುದು.

ಆ ಅಪಾಯವನ್ನು ಅವರು ದಾಟಿದರೆಂಬುದಕ್ಕೆ 1992ರ ನಂತರದ ಮೂರು ದಶಕಗಳೇ ಸಾಕ್ಷಿ. ಶಿವಮತ ಭೈರವದಂತಹ ಅಪರೂಪದ ರಾಗಗಳಿಂದ ಶ್ರೀಮಂತವಾದ ಪರಂಪರೆಯನ್ನು ಅವರು ಏಕಾಂಗಿಯಾಗಿ ಹಾಡಿ, ಶಿಷ್ಯರಿಗೆ ಕಲಿಸಿ ಉಳಿಸಿದರು. 2012ನೆಯ ಸಾಲಿನ ಕೇಂದ್ರ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಅವರಿಗೆ ಸಂದಿತು. ತಂದೆಯ ಕಂಠದ ಧಾವನವನ್ನೇ ಮಗನಲ್ಲಿ ಅರಸುವ ಶ್ರೋತೃವು ತಪ್ಪುತ್ತಾನೆ. ಕಂಠವು ಆಸ್ತಿಯಲ್ಲ, ಹಂಚಿಕೆಯಾಗದು. ಕೈಯಿಂದ ಕೈಗೆ ದಾಟುವುದು ರಾಗದ ನಡೆ, ಬಂದಿಶಿನ ಕಟ್ಟು, ಲಯದ ವಿವೇಕ. ಇವುಗಳಲ್ಲಿ ರಾಜಶೇಖರರ ನಿಷ್ಠೆ ಪ್ರಶ್ನಾತೀತವಾದುದು.

ತಂದೆಯ ಆತ್ಮಕಥನ 'ನನ್ನ ರಸಯಾತ್ರೆ'ಯನ್ನು ಅವರು ಇಂಗ್ಲಿಷಿಗೆ ತಂದದ್ದು ಇನ್ನೊಂದು ಬಗೆಯ ಸಹಗಾಯನ. 2005ರಲ್ಲಿ ಪ್ರಕಟವಾದ ಆ ಕೃತಿಯ ಶೀರ್ಷಿಕೆಯಲ್ಲಿ 'ರಸಯಾತ್ರೆ' ಎಂಬ ಮಾತನ್ನು ಅವರು ಅನುವಾದಿಸದೆ ಹಾಗೆಯೇ ಉಳಿಸಿ, ವಿವರಣೆಯನ್ನು ಉಪಶೀರ್ಷಿಕೆಗೆ ಬಿಟ್ಟರು. ಜೀವಮಾನವಿಡೀ ಇಂಗ್ಲಿಷ್ ಕಲಿಸಿದವರಿಗೆ ಪರ್ಯಾಯ ಪದ ಹೊಳೆಯಲಿಲ್ಲವೆಂದಲ್ಲ. ಎಲ್ಲಿ ಹಿಂದೆ ಸರಿಯಬೇಕೆಂಬುದು ತಂಬೂರಿಯ ಬಳಿ ಕಲಿತ ಪಾಠವೆಂದೇ ನನ್ನ ಊಹೆ.

ಹಿರಿಯರ ಭಾವಚಿತ್ರಕ್ಕೆ ಮಾಲೆ ಹಾಕಿ ಪುಣ್ಯಸ್ಮರಣೆ ಮಾಡುವುದರಲ್ಲಿ ನಾವು ಹಿಂದೆ ಬಿದ್ದಿಲ್ಲ. ಅವರು ಮಾಡಿದ ಕಾಯಕವನ್ನು ಮುಂದುವರಿಸುವವರು ವಿರಳ. ಮನೆಯಲ್ಲಿ ಕೈಗಳಿಲ್ಲದಿದ್ದರೆ, ಖಾನ್ ಸೋದರರಂತೆ, ಬೇಡಿ ಬಂದವರಿಗೆ ಕೊಡಬೇಕು. ನಮ್ಮ ಊರಿನ ಭಜನೆಯ ಹುಡುಗನೊಬ್ಬ ಗೋಡೆಯ ಮೇಲಿನ ಏಕತಾರಿಯನ್ನು ಎರಡು ಬಾರಿ ಕೇಳಿದ್ದ. ಹಿರಿಯರ ನೆನಪೆಂದು ನಾನು ಕೊಟ್ಟಿರಲಿಲ್ಲ. ಈ ಲೇಖನ ಮುಗಿಸಿದ ಮೇಲೆ ಅದಕ್ಕೆ ಹೊಸ ತಂತಿ ಬಿಗಿಸಿ ಅವನಿಗೆ ಒಪ್ಪಿಸಬೇಕೆಂದಿದ್ದೇನೆ.