ಆರು ಅಂಶಗಳೂ ಒಂದು ಪರಂತುಕವೂ

ವಾದಪತ್ರದ ತಿದ್ದುಪಡಿಯ ಪ್ರಸ್ತಾಪ ಬಂದೊಡನೆ ಸುಪ್ರೀಂ ಕೋರ್ಟಿನ 2009ರ ರೇವಾಜೀತು ಬಿಲ್ಡರ್ಸ್ ತೀರ್ಪನ್ನು ಮುಂದಿಡುವುದು ನಮ್ಮ ವಕೀಲರಲ್ಲಿ ಸಂಪ್ರದಾಯವೇ ಆಗಿದೆ. ನ್ಯಾಯಮೂರ್ತಿ ದಲ್ವೀರ್ ಭಂಡಾರಿಯವರು ಆಂಗ್ಲ ಹಾಗೂ ಭಾರತೀಯ ಪೂರ್ವನಿರ್ಣಯಗಳನ್ನು ಶ್ರಮವಹಿಸಿ ಶೋಧಿಸಿ ಅನುಮತಿ ಕೊಡುವಾಗ ನೋಡಬೇಕಾದ ಆರು ಅಂಶಗಳನ್ನು ಪೋಣಿಸಿಕೊಟ್ಟದ್ದೂ, ಅವು ನಿದರ್ಶನಮಾತ್ರವೆಂದು ತಾವೇ ಎಚ್ಚರಿಸಿದ್ದೂ ನಿಜ. ಆದರೂ ಆ ತೀರ್ಪಿನ ಕೀರ್ತಿ ಯೋಗ್ಯತೆಯನ್ನು ಮೀರಿ ಬೆಳೆದಿದೆಯೆಂದೇ ನಾನು ಹೇಳುವೆನು. ಏಕೆಂದರೆ, ವಿಚಾರಣೆ ಆರಂಭವಾದ ಬಳಿಕ ತಿದ್ದುಪಡಿ ಬೇಡುವವನು ಯುಕ್ತ ಶ್ರದ್ಧೆ ವಹಿಸಿದ್ದರೂ ಆ ವಿಷಯವನ್ನು ಮೊದಲೇ ಎತ್ತಲಾಗುತ್ತಿರಲಿಲ್ಲವೆಂದು ತೋರಿಸತಕ್ಕದ್ದೆಂಬ, 2002ರಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರನೆಯ ಆದೇಶದ ಹದಿನೇಳನೆಯ ನಿಯಮಕ್ಕೆ ಸೇರಿದ ಪರಂತುಕದ ಪ್ರಾಣವು ಆ ಆರರಲ್ಲಿ ಎಲ್ಲಿಯೂ ಇಲ್ಲ.

ಸಾಣಾಪುರದ ಗದ್ದೆಯೊಂದನ್ನು ಊಹಿಸಿಕೊಳ್ಳೋಣ. ತುಂಗಭದ್ರೆಯ ಎಡದಂಡೆ ಕಾಲುವೆಯ ನೀರುಂಡ ಭತ್ತವು ಹೆಬ್ಬಂಡೆಗಳ ಸಂದಿನಲ್ಲಿ ಹಸುರಾಗಿರುವ ಆ ಊರಿನಲ್ಲಿ, ಪೋಡಿಯಾಗದ ಹಿಸ್ಸೆಯ ಚಕ್ಕುಬಂದಿಗೆ ‘ಉತ್ತರಕ್ಕೆ ಬಂಡೆ’ ಎಂದು ಬರೆದರೆ, ಅದು ಯಾವ ಬಂಡೆ? ರೈತನು ಪಹಣಿ ಹಿಡಿದು ಗಂಗಾವತಿಗೆ ಬಂದು ಬರಿಯ ಪ್ರತಿಬಂಧಕಾಜ್ಞೆಗೆ ದಾವೆ ಹೂಡುತ್ತಾನೆ. ಸಾಕ್ಷ್ಯ ನಡೆಯುತ್ತಿರುವಾಗ ಕೋರ್ಟ್ ಕಮಿಷನರರು ಅಳತೆ ಮಾಡಿಸಲು, ನೆರೆಯವನ ಬದು ತನ್ನ ನೆಲದೊಳಕ್ಕೆ ಸರಿದಿರುವುದು ಗೊತ್ತಾಗುತ್ತದೆ. ಇನ್ನು ಹಕ್ಕಿನ ಘೋಷಣೆಯನ್ನೂ ಸ್ವಾಧೀನವನ್ನೂ ಕೇಳದೆ ಗತಿಯಿಲ್ಲ. ಪ್ರತಿವಾದಿಯ ವಕೀಲರು ಐದನೆಯ ಅಂಶವನ್ನೆತ್ತಿ, ದಾವೆಯ ಸ್ವರೂಪವೇ ಬದಲಾಗುತ್ತದೆಂದು ಗುಡುಗುತ್ತಾರೆ. ಕೇಳಬೇಕಾದ ಪ್ರಶ್ನೆ ಅದಲ್ಲ. ಆ ರೈತನು ಅಳತೆಗೆ ಮುನ್ನ ಈ ಸಂಗತಿಯನ್ನು ತಿಳಿಯಬಲ್ಲವನಾಗಿದ್ದನೆ?

ಪರಂತುಕದ ಮಾತನ್ನು ಅಕ್ಷರಶಃ ಓದಬೇಕು. ಅದು ‘ಪಕ್ಷಕಾರ’ನ ಶ್ರದ್ಧೆಯನ್ನು ಕೇಳುತ್ತದೆ; ಕರಡು ಬರೆದ ವಕೀಲನ ಜಾಣತನವನ್ನಲ್ಲ. ದಾವೆಗೆ ಮುನ್ನ ಅವನು ಸರ್ವೆ ಕಚೇರಿಯಿಂದ ಟಿಪ್ಪಣಿಯ ನಕಲು ಪಡೆದನೆ, ಹದ್ದುಬಸ್ತಿಗೆ ಅರ್ಜಿ ಕೊಟ್ಟನೆ, ತನ್ನ ಬದುವಿನ ಮೇಲೆ ಒಮ್ಮೆಯಾದರೂ ನಡೆದು ನೋಡಿದನೆ? ಕೊಟ್ಟ ಅರ್ಜಿ ಕಚೇರಿಯಲ್ಲಿಯೇ ಉಳಿದಿದ್ದರೆ ಅವನು ಶ್ರದ್ಧಾವಂತನೇ. ಅರ್ಜಿಯನ್ನೇ ಕೊಡದಿದ್ದರೆ ಯಾವ ಸೌಮ್ಯವಾದ ಮಾತೂ ಅವನನ್ನು ಕಾಯಲಾರದು.

ಕರ್ನಾಟಕದಿಂದಲೇ ಸುಪ್ರೀಂ ಕೋರ್ಟಿಗೆ ಹೋದ ಮೊಕದ್ದಮೆಯೊಂದರಲ್ಲಿ 2008ರ ಡಿಸೆಂಬರಿನಲ್ಲಿ ನ್ಯಾಯಮೂರ್ತಿ ಎಸ್. ಬಿ. ಸಿನ್ಹಾ ಅವರು ಇದನ್ನು ಅಧಿಕಾರವ್ಯಾಪ್ತಿಯ ಪ್ರಶ್ನೆಯನ್ನಾಗಿಯೇ ಕಂಡರು: ಶ್ರದ್ಧೆಯೆಂಬ ಸಂಗತಿ ಸ್ಥಾಪಿತವಾಗದೆ ತಿದ್ದುಪಡಿಗೆ ಅನುಮತಿ ಕೊಡುವ ಅಧಿಕಾರವೇ ನ್ಯಾಯಾಲಯಕ್ಕಿಲ್ಲ. ಪ್ರಕ್ರಿಯೆಯು ನ್ಯಾಯದ ದಾಸಿಯೆಂದು ಜಪಿಸುವ ವಿಮರ್ಶಕರಿಗೆ ಇದು ಕಠೋರವೆನಿಸಿದೆ. ಅವರೊಡನೆ ನನಗೆ ಹಳೆಯ ಜಗಳವಿದೆ. ವಾದಿಗೆ ತೋರುವ ಕರುಣೆಯ ಬೆಲೆಯನ್ನು ತೆರುವವನು ಪ್ರತಿವಾದಿ. ಪಾಟೀಸವಾಲಿಗೆ ಸಿದ್ಧನಾಗಿ ಬಂದ ಅವನು ಮತ್ತೆ ಕೈಫಿಯತ್ತು ಬರೆಸಬೇಕು, ಮತ್ತೆ ಸಾಕ್ಷಿಗಳನ್ನು ಕರೆತರಬೇಕು. ಅವನ ಗದ್ದೆಯೂ ಅದೇ ಕಾಲುವೆಯ ಕೆಳಗಿನದು. ಖರ್ಚು ಕೊಡಿಸಿದರಾಯಿತೆನ್ನುವವರು ನಾಟಿಯ ಹಂಗಾಮಿನಲ್ಲಿ ಕಳೆದ ವಾಯಿದೆಯ ದಿನಗಳನ್ನು ಎಣಿಸಿದವರಲ್ಲ.

ಅನುಮತಿ ದೊರೆತರೂ, ಘೋಷಣೆ ಸೇರಿದಾಗ 1958ರ ಕೋರ್ಟ್ ಶುಲ್ಕ ಕಾಯಿದೆಯಂತೆ ದಾವೆಯ ಮೌಲ್ಯ ಏರಿ, ಆ ನ್ಯಾಯಾಲಯದ ಧನಮಿತಿಯನ್ನು ದಾಟಿದರೆ, ವಾದಪತ್ರವನ್ನು ಏಳನೆಯ ಆದೇಶದ ಹತ್ತನೆಯ ನಿಯಮದಂತೆ ಹಿಂದಿರುಗಿಸಬೇಕಾಗುತ್ತದೆ; ಆಗ ಆರಂಭದ ಅಶ್ರದ್ಧೆಯ ಹೊರೆ ವಾದಿಯ ಮೇಲೂ ಬೀಳುತ್ತದೆ. ಆದುದರಿಂದಲೇ ತಿದ್ದುಪಡಿ ಅರ್ಜಿಯ ಪ್ರಮಾಣಪತ್ರದಲ್ಲಿ ನಾನು ಮೊದಲು ಹುಡುಕುವುದು ಆರು ಅಂಶಗಳ ಪಠಣವನ್ನಲ್ಲ, ಅಳತೆಗೆ ಅರ್ಜಿ ಕೊಟ್ಟ ದಿನಾಂಕವನ್ನು.